ರಿಯೋದಲ್ಲಿ ಒಂದೇ ದಿನ: ಗೈಡೆಡ್ ಟೂರ್ ಬೇಕಾ, ಬೇಡ್ವಾ?

ತುಂಗಾತೀರ

ಎಲ್ಲರಿಗೂ ನಮಸ್ಕಾರ. ಸೆಪ್ಟೆಂಬರಿನಲ್ಲಿ ಆಫೀಸಿನ ಕೆಲಸಕ್ಕೆ ಬ್ರೆಜಿಲ್‌ನ ಸಾವೊ ಪೌಲೊಗೆ ಹೋಗುತ್ತಿದ್ದೇನೆ. ಅಪ್ಪ ಅಮ್ಮನೂ ಜೊತೆಗಿರುತ್ತಾರೆ. ಕೆಲಸ ಮುಗಿಸಿ ರಿಯೋ ಡಿ ಜನೈರೊ ನೋಡಿಕೊಂಡು ಬರುವ ಆಸೆ. ಆದರೆ ಅಲ್ಲಿ ಪೂರ್ತಿಯಾಗಿ ಸಿಗುವುದು ಒಂದೇ ದಿನ. ಹೋಟೆಲು ಕೋಪಕಬಾನಾದಲ್ಲಿ.

ಒಂದು ದಿನದ ಗೈಡೆಡ್ ಟೂರ್ ನೋಡಿಟ್ಟಿದ್ದೇನೆ. ಬೆಳಗ್ಗೆ ವ್ಯಾನಿನಲ್ಲಿ ಹೊರಟರೆ ಕ್ರೈಸ್ಟ್ ಪ್ರತಿಮೆ, ಮರಕಾನಾ ಸ್ಟೇಡಿಯಂ, ಸಾಂಬಾ ಮೆರವಣಿಗೆ ನಡೆಯುವ ಸಾಂಬೊಡ್ರೊಮೊ, ಕೆಥೆಡ್ರಲ್, ಟೈಲ್ಸ್ ಅಂಟಿಸಿದ ಸೆಲರೋನ್ ಮೆಟ್ಟಿಲು, ಊಟ, ಕೊನೆಗೆ ಶುಗರ್‌ಲೋಫ್ ಬೆಟ್ಟ. ಇಷ್ಟರ ಜೊತೆಗೆ "ನಗರದೊಳಗಿನ ಮಳೆಕಾಡಿನ ದರ್ಶನ" ಎಂದೂ ಬರೆದಿದ್ದಾರೆ.

ಅಪ್ಪನಿಗೆ ಗಿಡಮರದ ಹುಚ್ಚು. ಲಾಲ್‌ಬಾಗ್‌ಗೆ ಹೋದರೆ ಒಂದೊಂದು ಮರದ ಬೋರ್ಡನ್ನೂ ಓದುತ್ತಾ ನಿಂತುಬಿಡುತ್ತಾರೆ. ಆದರೆ ಮಂಡಿನೋವು, ಜಾಸ್ತಿ ಹತ್ತಿ ಇಳಿಯಲು ಆಗುವುದಿಲ್ಲ. ಅಮ್ಮನಿಗೆ ಫೋಟೋ ಚೆನ್ನಾಗಿ ಬರಬೇಕು, ಸಸ್ಯಾಹಾರಿ ಊಟ ಸಿಗಬೇಕು. ಈ ಟೂರ್ ತೆಗೆದುಕೊಳ್ಳಲಾ? ಹೋಗಿ ಬಂದವರು ಹೇಳಿ.

ಬ್ಯಾಗ್‌ಹೆಗಲು

ಬೇಡ. ಸುಮ್ನೆ ದುಡ್ಡು ದಂಡ. ನಾನು ಇಂಥದ್ದೇ ಒಂದು ಟೂರಿನಲ್ಲಿ ಹೋಗಿದ್ದೆ. ಬೆಳಗಿನ ತಂಪು ಹೊತ್ತೆಲ್ಲ ಬೇರೆ ಬೇರೆ ಹೋಟೆಲುಗಳಿಂದ ಜನರನ್ನು ಹತ್ತಿಸಿಕೊಳ್ಳುವುದರಲ್ಲೇ ಕಳೆಯಿತು. ಮಧ್ಯದಲ್ಲಿ ಹರಳಿನ ಅಂಗಡಿಯೊಂದಕ್ಕೆ ನುಗ್ಗಿಸಿದರು. ಅದು ಪಟ್ಟಿಯಲ್ಲೇ ಇರಲಿಲ್ಲ. ಶುಗರ್‌ಲೋಫ್ ಮೇಲೆ ಸೂರ್ಯ ಮುಳುಗುವುದನ್ನು ನೋಡೋಣ ಎಂದರೆ ಡ್ರೈವರ್ ಗಡಿಯಾರ ತೋರಿಸಿದ.

ಆ್ಯಪ್ ಕ್ಯಾಬ್ ಸುಲಭವಾಗಿ ಸಿಗುತ್ತದೆ. ಕ್ರೈಸ್ಟ್‌ಗೂ ಶುಗರ್‌ಲೋಫ್‌ಗೂ ಆನ್‌ಲೈನ್‌ನಲ್ಲಿ ಟಿಕೆಟ್ ತೆಗೆದುಕೊಳ್ಳಿ. ನಿಮ್ಮ ಹೊತ್ತು, ನಿಮ್ಮ ಇಷ್ಟ.

ಚೆಂಡಾಟ

ಮರಕಾನಾ ಬಿಡಬೇಡಿ! 1950ರ ಫುಟ್‌ಬಾಲ್ ವಿಶ್ವಕಪ್ಪಿಗೆ ಕಟ್ಟಿದ್ದು. ಕೊನೆಯ ಪಂದ್ಯಕ್ಕೆ ಸುಮಾರು 2 ಲಕ್ಷ ಜನ ಸೇರಿದ್ದರು. ಉರುಗ್ವೆ 2-1ರಲ್ಲಿ ಗೆದ್ದು ಇಡೀ ದೇಶವನ್ನು ಅಳಿಸಿತು. ಪೆಲೆಯ ಸಾವಿರದ ಗೋಲು ಬಂದಿದ್ದೂ ಇಲ್ಲೇ, 1969ರಲ್ಲಿ.

ಸಾಂಪಾವಾಸಿ

@ಚೆಂಡಾಟ, ಅದೆಲ್ಲ ನಿಜ. ಆದರೆ ಈ ಟೂರುಗಳಲ್ಲಿ ಮರಕಾನಾದ ಒಳಗೆ ಬಿಡುವುದೇ ಇಲ್ಲ. ಗೇಟಿನ ಹೊರಗಿನ ಪ್ರತಿಮೆಯ ಮುಂದೆ ಫೋಟೋ ತೆಗೆಸಿ ವಾಪಸ್ ವ್ಯಾನು ಹತ್ತಿಸುತ್ತಾರೆ. ಸಾಂಬೊಡ್ರೊಮೊ ಕತೆಯೂ ಅಷ್ಟೇ. ಆಸ್ಕರ್ ನೀಮೆಯರ್ ವಿನ್ಯಾಸ ಮಾಡಿದ್ದು, 1984ರಲ್ಲಿ ಶುರುವಾದದ್ದು. ಕಾರ್ನಿವಲ್ ರಾತ್ರಿಯಲ್ಲಿ ಸ್ವರ್ಗ. ಸೆಪ್ಟೆಂಬರಿನ ಮಧ್ಯಾಹ್ನದಲ್ಲಿ ಅದು ಎರಡೂ ಕಡೆ ಕಾಂಕ್ರೀಟ್ ಮೆಟ್ಟಿಲಿರುವ ಖಾಲಿ ರಸ್ತೆ.

@ತುಂಗಾತೀರ, ನಾನು ಸಾವೊ ಪೌಲೊದಲ್ಲೇ ಇರುವವನು. ಊರಿನಿಂದ ಯಾರೇ ಬಂದರೂ ರಿಯೋಗೆ ಕರೆದುಕೊಂಡು ಹೋಗುವ ಕೆಲಸ ನನ್ನದೇ. ಕೆಲವು ಮಾತು ಹೇಳುತ್ತೇನೆ.

ಮೊದಲನೆಯದು ಮೋಡ. ಕ್ರೈಸ್ಟ್ ನಿಂತಿರುವ ಕೊರ್ಕೊವಾಡೊ ಬೆಟ್ಟ 710 ಮೀಟರ್ ಎತ್ತರ, ಸಮುದ್ರಕ್ಕೆ ಬಹಳ ಹತ್ತಿರ. ಕೆಳಗೆ ಬಿಸಿಲಿದ್ದರೂ ಮೇಲೆ ಮೋಡ ಕವಿದಿರಬಹುದು. ಮೇಲೆ ಹೋಗಿ ಬರೀ ಬಿಳಿ ಗೋಡೆ ನೋಡಿ ಇಳಿದವರು ಎಷ್ಟೋ ಜನ. ನೀವು ಬರುವ ಸೆಪ್ಟೆಂಬರ್ ವಾಸಿ, ಮಳೆ ಕಡಿಮೆ. ಡಿಸೆಂಬರಿನಿಂದ ಮಾರ್ಚ್ ಅಲ್ಲಿ ಕಡು ಬೇಸಿಗೆ, ಮಳೆಯೂ ಆಗಲೇ. ಆದರೂ ಹೊರಡುವ ಮುಂಚೆ ಬೊಟಾಫೋಗೊ ಕಡೆಯಿಂದಲೋ ಲಗೋವಾ ಕೆರೆಯ ದಂಡೆಯಿಂದಲೋ ತಲೆಯೆತ್ತಿ ನೋಡಿ. ಪ್ರತಿಮೆ ಕಂಡರೆ ಹೊರಡಿ. ಕಾಣದಿದ್ದರೆ ದಿನದ ಕ್ರಮವನ್ನೇ ತಿರುಗಿಸಿ. ದೊಡ್ಡ ವ್ಯಾನಿನ ಟೂರಿನಲ್ಲಿ ಇದೊಂದು ಸ್ವಾತಂತ್ರ್ಯ ಇರುವುದಿಲ್ಲ.

ಎರಡನೆಯದು ಬೆಳಕು. ಪ್ರತಿಮೆಯ ಮುಖ ಪೂರ್ವಕ್ಕಿದೆ, ಗ್ವಾನಬಾರಾ ಕೊಲ್ಲಿಯ ಕಡೆಗೆ. ಬೆಳಗ್ಗೆ ಹೋದರೆ ಮುಖದ ಮೇಲೆ ಬಿಸಿಲು. ಮಧ್ಯಾಹ್ನ ದಾಟಿದರೆ ಸೂರ್ಯ ಬೆನ್ನ ಹಿಂದೆ, ಅಮ್ಮನ ಫೋಟೋದಲ್ಲಿ ಕ್ರೈಸ್ಟ್ ಕಪ್ಪಗೆ ಬರುತ್ತಾನೆ. ಶುಗರ್‌ಲೋಫ್‌ಗೆ ಸಂಜೆಯೇ ಸರಿ. ಅಲ್ಲಿ ನಿಂತರೆ ಸೂರ್ಯ ಊರಿನ ಹಿಂದಿನ ಬೆಟ್ಟಸಾಲಿನೊಳಗೆ ಇಳಿಯುತ್ತಾನೆ, ಕೆಳಗೆ ದೀಪಗಳು ಒಂದೊಂದಾಗಿ ಹತ್ತಿಕೊಳ್ಳುತ್ತವೆ.

ಮಂಡಿನೋವಿಗೆ ಭಯ ಬೇಡ. ಮೊದಲೆಲ್ಲ ಪ್ರತಿಮೆಯ ಬುಡಕ್ಕೆ ಇನ್ನೂರಕ್ಕೂ ಹೆಚ್ಚು ಮೆಟ್ಟಿಲು ಹತ್ತಬೇಕಿತ್ತು. ಈಗ ಲಿಫ್ಟು, ಎಸ್ಕಲೇಟರ್ ಇವೆ. ಶುಗರ್‌ಲೋಫ್‌ಗೆ ಕೇಬಲ್ ಕಾರು, ಎರಡು ಹಂತ. ಮೊದಲು ಊರ್ಕಾ ಬೆಟ್ಟ, ಸುಮಾರು 220 ಮೀಟರ್. ಅಲ್ಲಿಂದ ಇನ್ನೊಂದು ಕಾರಿನಲ್ಲಿ 396 ಮೀಟರಿನ ತುದಿ. 1912ರಲ್ಲಿ ಶುರುವಾದ ವ್ಯವಸ್ಥೆ ಅದು. ಈಗಿನ ಕಾರಿನಲ್ಲಿ ಒಂದು ಸಲಕ್ಕೆ 65 ಜನ ಹಿಡಿಯುತ್ತಾರೆ.

ಇನ್ನು "ಮಳೆಕಾಡಿನ ದರ್ಶನ". ನನಗೆ ಸಿಟ್ಟು ಬರುವುದು ಇಲ್ಲೇ. ಕ್ರೈಸ್ಟ್‌ಗೆ ಹೋಗುವ ರಸ್ತೆ ತಿಜುಕಾ ಕಾಡಿನೊಳಗೇ ಹಾದುಹೋಗುತ್ತದೆ. ವ್ಯಾನಿನ ಕಿಟಕಿಯಿಂದ ಕಾಣುವ ಹಸಿರೇ ಆ ದರ್ಶನ. ನಿಲ್ಲಿಸುವುದೂ ಇಲ್ಲ, ಇಳಿಸುವುದೂ ಇಲ್ಲ. ನನ್ನ ಕೇಳಿದರೆ ರಿಯೋದಲ್ಲಿ ಗೈಡ್ ಬೇಕಾಗಿರುವುದು ಪ್ರತಿಮೆಗಲ್ಲ, ಆ ಕಾಡಿಗೆ.

ಬಳಪದಕಲ್ಲು

ಪ್ರತಿಮೆಯ ಬಗ್ಗೆ ಒಂದು ಮಾತು. ಇದನ್ನು ಯಾವ ಗೈಡೂ ಕನ್ನಡಿಗರಿಗೆ ಬಿಡಿಸಿ ಹೇಳುವುದಿಲ್ಲ. ಒಳಗಿರುವುದು ಕಾಂಕ್ರೀಟು, ಮೇಲಿನ ಚರ್ಮವೆಲ್ಲ ಬಳಪದ ಕಲ್ಲು. ಬೇಲೂರು, ಹಳೇಬೀಡಿನಲ್ಲಿ ಹೊಯ್ಸಳರ ಶಿಲ್ಪಿಗಳು ಕೆತ್ತಿದ ಜಾತಿಯದೇ ಕಲ್ಲು. ಮೆತ್ತಗಿರುತ್ತದೆ, ಕೆತ್ತಲು ಸುಲಭ, ಆದರೆ ಬಿಸಿಲು ಮಳೆಗೆ ಬೇಗ ಬಿರಿಯುವುದಿಲ್ಲ. ಅಲ್ಲಿ ಅದನ್ನು ಪುಟ್ಟ ಪುಟ್ಟ ತ್ರಿಕೋನಗಳಾಗಿ ಕತ್ತರಿಸಿ ಮೊಸಾಯಿಕ್‌ನಂತೆ ಅಂಟಿಸಿದ್ದಾರೆ. ಆ ತುಂಡುಗಳನ್ನು ಬಟ್ಟೆಯ ಮೇಲೆ ಜೋಡಿಸಿಕೊಟ್ಟವರು ಊರಿನ ಹೆಂಗಸರು, ಸ್ವಂತ ಇಷ್ಟದಿಂದ. ಕೆಲವರು ಕಲ್ಲಿನ ಹಿಂಬದಿಯಲ್ಲಿ ತಮ್ಮವರ ಹೆಸರು ಬರೆದರು. ಆ ಹೆಸರುಗಳು ಈಗಲೂ ಒಳಗಡೆ ಇವೆ, ಯಾರ ಕಣ್ಣಿಗೂ ಬೀಳುವುದಿಲ್ಲ.

ಎಂಜಿನಿಯರ್ ಬ್ರೆಜಿಲ್‌ನ ಹೇಟರ್ ಡ ಸಿಲ್ವ ಕೋಸ್ತ, ಶಿಲ್ಪಿ ಫ್ರಾನ್ಸಿನ ಪೌಲ್ ಲಾಂಡೊವ್ಸ್ಕಿ. ಉದ್ಘಾಟನೆ 1931ರ ಅಕ್ಟೋಬರ್ 12. ಪ್ರತಿಮೆ 30 ಮೀಟರ್, ಪೀಠ 8 ಮೀಟರ್. ಸಿಡಿಲು ಹೊಡೆಯುವುದು ಮಾಮೂಲು. 2014ರಲ್ಲಿ ಹೆಬ್ಬೆರಳಿನ ತುದಿ ಮುರಿದುಹೋಗಿತ್ತು, ಆಮೇಲೆ ಸರಿ ಮಾಡಿದರು.

ಕಾಫಿಗಿಡ

ಸಾಂಪಾವಾಸಿ ತಿಜುಕಾ ಎಂದಿದ್ದಕ್ಕೆ ಬಂದೆ. ನಾನು ಚಿಕ್ಕಮಗಳೂರಿನ ಬೆಳೆಗಾರ. ಆ ಕಾಡಿನ ಕತೆ ನಮ್ಮ ಕಡೆಯವರು ತಿಳಿದುಕೊಳ್ಳಲೇಬೇಕು.

ಈಗ ಕಾಣುವ ಕಾಡು ಬಹುಪಾಲು ಮನುಷ್ಯರು ನೆಟ್ಟದ್ದು. ಮೊದಲಿದ್ದ ಕಾಡನ್ನು ಕಡಿದು ಬೆಟ್ಟದ ತುಂಬ ಕಾಫಿ ಹಾಕಿದ್ದರು. ನಮ್ಮಲ್ಲಿ ಕಾಫಿ ಎಂದರೆ ನೆರಳು. ಅತ್ತಿ, ಹಲಸು, ನಂದಿ, ಮತ್ತಿ ಮರಗಳ ಕೆಳಗೆ ಗಿಡ. (ಈಗ ನಾವೂ ಸಿಲ್ವರ್ ಓಕ್ ಹಿಂದೆ ಬಿದ್ದಿದ್ದೇವೆ, ಆ ಜಗಳ ಬೇರೆ ದಿನ ಆಡೋಣ.) ಅವರದು ಬಯಲು ಕಾಫಿ. ಇಳಿಜಾರನ್ನು ಬೋಳು ಮಾಡಿ, ಬಿಸಿಲಿಗೇ ಗಿಡ ಒಡ್ಡುವುದು. ಕೆಲವು ವರ್ಷ ಬೆಳೆ ಚೆನ್ನಾಗಿ ಬಂತು. ಆಮೇಲೆ ಮೇಲ್ಮಣ್ಣು ಕೊಚ್ಚಿಹೋಯಿತು. ತೊರೆಗಳು ಬತ್ತಿದವು. ರಿಯೋಗೆ ಕುಡಿಯುವ ನೀರು ಬರುತ್ತಿದ್ದುದು ಆ ಬೆಟ್ಟದಿಂದಲೇ. ಆಗ ದೇಶದ ರಾಜಧಾನಿ ರಿಯೋನೇ. ಅಲ್ಲೇ ನೀರಿಗೆ ಹಾಹಾಕಾರವಾದಾಗ ಸರ್ಕಾರಕ್ಕೆ ಬುದ್ಧಿ ಬಂತು.

ತೋಟಗಳನ್ನು ಸರ್ಕಾರ ವಶಕ್ಕೆ ತೆಗೆದುಕೊಂಡಿತು. 1861ರಲ್ಲಿ ಮೇಜರ್ ಮನುಯೆಲ್ ಗೋಮಿಸ್ ಆರ್ಚರ್ ಎಂಬವರಿಗೆ ಕಾಡು ಬೆಳೆಸುವ ಕೆಲಸ ಒಪ್ಪಿಸಿದರು. 13 ವರ್ಷದಲ್ಲಿ ಸುಮಾರು 1 ಲಕ್ಷ ಸಸಿ ನೆಟ್ಟರು. ಬರೀ ಒಂದು ಜಾತಿಯ ಪ್ಲಾಂಟೇಷನ್ ಅಲ್ಲ, ಆ ಕಡೆಯ ಕಾಡುಮರಗಳೇ ಹೆಚ್ಚು. ಮಧ್ಯೆ ಮಧ್ಯೆ ಹೊರಗಿನವೂ ಸೇರಿದವು. ಇಂಥ ಕೆಲಸ ಆ ಕಾಲದಲ್ಲಿ ಇನ್ನೆಲ್ಲಿ ನಡೆದಿತ್ತು ಹೇಳಿ? ನಮ್ಮ ಮಲೆನಾಡಿನಲ್ಲಿ ಆಗ ಬ್ರಿಟಿಷರು ತೋಟಕ್ಕೆಂದು ಕಾಡು ಕಡಿಸುತ್ತಿದ್ದರು.

1961ರಲ್ಲಿ ರಾಷ್ಟ್ರೀಯ ಉದ್ಯಾನ ಆಯಿತು. ಸುಮಾರು 40 ಚದರ ಕಿಲೋಮೀಟರ್. ಸುತ್ತಲೂ ಊರು, ನಡುವೆ ಕಾಡು. ಇದನ್ನು ವ್ಯಾನಿನ ಕಿಟಕಿಯಿಂದ ತೋರಿಸಿ "ದರ್ಶನ" ಅಂತಾರಲ್ಲ, ಏನು ಹೇಳೋದು.

ಪಾಠದಮೇಷ್ಟ್ರು

@ಕಾಫಿಗಿಡ, ಒಳ್ಳೆಯ ಬರಹ. ಆದರೆ "ನೆಟ್ಟರು" ಎಂದಿರಲ್ಲ, ಯಾರು ನೆಟ್ಟರು? ಆರ್ಚರ್ ಕೈಯಲ್ಲಿ ಗುದ್ದಲಿ ಇರಲಿಲ್ಲ. ಕಾಫಿಗೆಂದು ಕಾಡು ಕಡಿದವರೂ ಗುಲಾಮರೇ, ಮತ್ತೆ ಸಸಿ ನೆಟ್ಟವರೂ ಗುಲಾಮರೇ. ಮೊದಲಿಗೆ ದುಡಿದ ಆರು ಜನರ ಹೆಸರು ಉಳಿದಿದೆ: ಎಲೆಯುತೇರಿಯೊ, ಕೊನ್ಸ್‌ತಾಂತಿನೊ, ಮನುಯೆಲ್, ಮತೇವುಸ್, ಲಿಯೊಪೊಲ್ದೊ, ಮರಿಯಾ. ಅಡ್ಡಹೆಸರೂ ಇಲ್ಲ. ಬ್ರೆಜಿಲ್‌ನಲ್ಲಿ ಗುಲಾಮಗಿರಿ ಕಾನೂನಿನಿಂದ ಹೋಗಿದ್ದು 1888ರಲ್ಲಿ.

ಟೂರಿನ ಪಟ್ಟಿಯಲ್ಲಿ ಇಲ್ಲದ ಇನ್ನೊಂದು ಜಾಗ ಹೇಳುತ್ತೇನೆ: ವಲೊಂಗೊ ಬಂದರುಕಟ್ಟೆ. ಆಫ್ರಿಕಾದಿಂದ ಹಿಡಿದು ತಂದ ಜನರನ್ನು ಹಡಗಿನಿಂದ ಇಳಿಸುತ್ತಿದ್ದ ಕಲ್ಲುಹಾಸು. ಆ ಭಾಗದಲ್ಲಿ ಬಂದಿಳಿದವರು ಸುಮಾರು 9 ಲಕ್ಷ ಎಂದು ಯುನೆಸ್ಕೊ ಅಂದಾಜು ಕೊಡುತ್ತದೆ. ಆಮೇಲೆ ಅದನ್ನು ಮುಚ್ಚಿ ಮೇಲೆ ಬೇರೆ ಕಟ್ಟೆ ಕಟ್ಟಿದ್ದರು. 2011ರಲ್ಲಿ ಬಂದರು ಪ್ರದೇಶವನ್ನು ಅಗೆಯುವಾಗ ಮತ್ತೆ ಬೆಳಕಿಗೆ ಬಂತು. 2017ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. ಟಿಕೆಟ್ ಇಲ್ಲ, ಬಯಲಲ್ಲೇ ಇದೆ. ಟೂರ್ ವ್ಯಾನುಗಳು ಹೋಗುವ ಕೆಥೆಡ್ರಲ್‌ನಿಂದ ದೂರವೂ ಅಲ್ಲ.

ಬ್ಯಾಗ್‌ಹೆಗಲು

ಒಂದೇ ದಿನ ಇರುವವರಿಗೆ ಇಷ್ಟೊಂದು ಹೇರಬೇಡಿ ಸ್ವಾಮಿ. ಪಾಪ, ಅವರು ವ್ಯಾನು ಹತ್ತಲಾ ಬೇಡ್ವಾ ಅಂತ ಕೇಳಿದ್ದು.

ಹಲಸಿನಹಪ್ಪಳ

ತಿಜುಕಾಗೆ ಹೋದರೆ ನಿಮ್ಮ ಅಪ್ಪನಿಗೆ ಮೊದಲು ಕಾಣುವ ಗುರುತಿನ ಮರ ಯಾವುದು ಗೊತ್ತಾ? ಹಲಸು! ರಾಶಿ ರಾಶಿ ಹಲಸು. ಪೋರ್ಚುಗೀಸರು ನಮ್ಮ ಕಡೆಯಿಂದ ತೆಗೆದುಕೊಂಡು ಹೋಗಿದ್ದು. ಅಲ್ಲಿ ಅದಕ್ಕೆ ಎಷ್ಟು ಒಗ್ಗಿಹೋಯಿತೆಂದರೆ ಈಗ ಅದು ಕಾಡಿಗೆ ಕಂಟಕ ಎನ್ನುತ್ತಾರೆ. ಬೀಜ ಬಿದ್ದಲ್ಲೆಲ್ಲ ಹುಟ್ಟುತ್ತದೆ, ಒತ್ತಾಗಿ ಬೆಳೆದು ಸ್ಥಳೀಯ ಮರಗಳಿಗೆ ಜಾಗ ಬಿಡುವುದಿಲ್ಲ. ಪಾರ್ಕಿನವರು ಕಾಂಡದ ಸುತ್ತ ತೊಗಟೆ ಕೆತ್ತಿಯೋ ಔಷಧಿ ಹಾಕಿಯೋ ಕೊಲ್ಲುತ್ತಾರೆ. ಹಲಸಿನ ಮರ ಕೊಲ್ಲುವುದು ಅಂದರೆ ನಮ್ಮ ಊರಿನಲ್ಲಿ ಅಜ್ಜಿಯರು ಶಾಪ ಹಾಕುತ್ತಿದ್ದರು.

ಅದಕ್ಕೆ ಪ್ರತಿಯಾಗಿ ಅವರು ಕೊಟ್ಟಿದ್ದು ಗೇರು. ಬ್ರೆಜಿಲ್‌ನ ಗಿಡ, ಪೋರ್ಚುಗೀಸರ ಹಡಗಿನಲ್ಲಿ ಗೋವಾಕ್ಕೆ ಬಂದು, ಕರಾವಳಿಯ ಗುಡ್ಡವೆಲ್ಲ ಹಬ್ಬಿತು. ಮಂಗಳೂರಿನ ಗೇರುಬೀಜ ಕಾರ್ಖಾನೆಗಳು ಎಷ್ಟು ಮನೆಗಳಿಗೆ ಅನ್ನ ಹಾಕಿವೆ. ವ್ಯಾಪಾರದಲ್ಲಿ ನಮಗೇ ಲಾಭ ಅನ್ನಿಸುತ್ತದೆ.

ಸಾಂಪಾವಾಸಿ

ಹಲಸಿನ ವಿಷಯದಲ್ಲಿ ಇಲ್ಲೂ ಜಗಳವಿದೆ. ಕಾಡಿನ ಪ್ರಾಣಿಗಳು ಈಗ ಅದನ್ನು ತಿಂದೇ ಬದುಕುತ್ತಿವೆ, ಒಮ್ಮೆಲೇ ತೆಗೆಯಬೇಡಿ ಎನ್ನುವವರಿದ್ದಾರೆ. ಕ್ವಾಟಿ ಎಂಬ ಉದ್ದ ಮೂತಿಯ, ಬಾಲದಲ್ಲಿ ಪಟ್ಟೆಯಿರುವ ಪ್ರಾಣಿಗೆ ಹಲಸೆಂದರೆ ಪ್ರಾಣ. ಕ್ರೈಸ್ಟ್ ದಾರಿಯಲ್ಲಿರುವ ಪೈನೇರಾಸ್ ಹತ್ತಿರ ಗುಂಪಾಗಿ ಬರುತ್ತವೆ, ಕೈಯಲ್ಲಿ ತಿಂಡಿ ಕವರ್ ಇದ್ದರೆ ಜೋಪಾನ.

ಇನ್ನೊಂದು ತಮಾಷೆ. ಊರ್ಕಾ ಬೆಟ್ಟದ ಮೇಲೆ ಪುಟಾಣಿ ಮಾರ್ಮೊಸೆಟ್ ಕೋತಿಗಳು ಬರುತ್ತವೆ, ಕಿವಿಯ ಹತ್ತಿರ ಬಿಳಿ ಕುಚ್ಚು. ಎಲ್ಲರೂ "ರಿಯೋದ ಮುದ್ದು ಕೋತಿ" ಅಂತ ಫೋಟೋ ತೆಗೆಯುತ್ತಾರೆ. ಅವೂ ಈ ಊರಿನವಲ್ಲ. ಬ್ರೆಜಿಲ್‌ನದೇ ಈಶಾನ್ಯ ಭಾಗದಿಂದ ಸಾಕಲೆಂದು ತಂದು ಬಿಟ್ಟವು. ಹಕ್ಕಿಗಳ ಮೊಟ್ಟೆ, ಮರಿ ತಿಂದುಹಾಕುತ್ತವೆ. ಬಾಳೆಹಣ್ಣು ಕೊಡಬೇಡಿ, ಬೋರ್ಡೂ ಇದೆ.

ಇಲ್ಲಿಯವೇ ಆದ ಪ್ರಾಣಿಗಳನ್ನು ವಾಪಸ್ ತರುವ ಕೆಲಸವೂ ನಡೆದಿದೆ. ಮರಗಳೇನೋ ಬಂದವು, ಆದರೆ ದೊಡ್ಡ ಬೀಜಗಳನ್ನು ಹೊತ್ತು ಬಿತ್ತುವ ಪ್ರಾಣಿಗಳೇ ಕಾಡಿನಿಂದ ಕಾಣೆಯಾಗಿದ್ದವು. ಹಾಗಾಗಿ 2010ರಿಂದ ಅಗೂಟಿಗಳನ್ನು ಬಿಟ್ಟರು. ಮೊಲದಷ್ಟು ದೊಡ್ಡ ದಂಶಕ ಅದು, ಕಾಯಿಗಳನ್ನು ಮಣ್ಣಿನಲ್ಲಿ ಹುಗಿದಿಟ್ಟು ಮರೆತುಬಿಡುತ್ತದೆ. ಅಲ್ಲಿ ಸಸಿ ಏಳುತ್ತದೆ. 2015ರಲ್ಲಿ ಹೌಲರ್ ಕೋತಿಗಳನ್ನು ಬಿಟ್ಟರು. ಆ ಕಾಡಿನಲ್ಲಿ ನೂರಕ್ಕೂ ಹೆಚ್ಚು ವರ್ಷದಿಂದ ಅವುಗಳ ಕೂಗೇ ಇರಲಿಲ್ಲ. ಇಂಥದ್ದನ್ನೆಲ್ಲ ಹೇಳುವ ಗೈಡ್ ಸಿಕ್ಕರೆ ಎಷ್ಟು ಕೊಟ್ಟರೂ ಸರಿ. "ಬಲಗಡೆ ನೋಡಿ, ಸ್ಟೇಡಿಯಂ" ಎನ್ನುವವರಿಗೆ ಯಾಕೆ ಕೊಡಬೇಕು?

ನಾಗಲಿಂಗ

ಕಾಡಿಗಿಂತ ಬೊಟಾನಿಕಲ್ ಗಾರ್ಡನ್ ವಾಸಿ ಎಂದು ನನ್ನ ಮತ. ಮಂಡಿನೋವಿನವರಿಗೆ ಸಮತಟ್ಟು ನೆಲ, ಕೂರಲು ಬೆಂಚು, ಮರಗಳಿಗೆ ಹೆಸರಿನ ಫಲಕ. ಪೋರ್ಚುಗಲ್‌ನ ರಾಜಕುಮಾರ ದೊಂ ಜೊವಾವ್ 1808ರಲ್ಲಿ ಶುರು ಮಾಡಿದ್ದು. ನೆಪೋಲಿಯನ್ ಸೈನ್ಯಕ್ಕೆ ಹೆದರಿ ಆಸ್ಥಾನವನ್ನೇ ಕಟ್ಟಿಕೊಂಡು ರಿಯೋಗೆ ಓಡಿಬಂದಿದ್ದ ಕಾಲ. ಸಾಲಾಗಿ ನಿಂತಿರುವ ಇಂಪೀರಿಯಲ್ ಪಾಮ್‌ಗಳೆಲ್ಲ ಅವನು ನೆಟ್ಟ ಒಂದೇ ತಾಯಿಮರದ ಸಂತತಿ. ಆ ತಾಯಿಮರಕ್ಕೆ 1972ರಲ್ಲಿ ಸಿಡಿಲು ಬಡಿಯಿತು.

ಅಪ್ಪನನ್ನು ನಾಗಲಿಂಗದ ಮರದ ಹತ್ತಿರ ಕರೆದುಕೊಂಡು ಹೋಗಿ. ನಮ್ಮ ಶಿವ ದೇವಸ್ಥಾನಗಳಲ್ಲಿ ಬೆಳೆಸುತ್ತೇವಲ್ಲ, ಹೂವಿನೊಳಗೆ ಲಿಂಗ, ಮೇಲೆ ಹೆಡೆ. ಅದು ದಕ್ಷಿಣ ಅಮೆರಿಕದ ಮರ. ರಿಯೋದ ಪಾರ್ಕು, ರಸ್ತೆಬದಿಯಲ್ಲೆಲ್ಲ ಇದೆ. ಅಲ್ಲಿ ಯಾರೂ ಕೈಮುಗಿಯುವುದಿಲ್ಲ ಅಷ್ಟೇ. ಬೆಂಗಳೂರಿನಲ್ಲಿ ಬೇಸಿಗೆಯಲ್ಲಿ ರಸ್ತೆ ತುಂಬ ಅರಳುವ ಹಳದಿ ಟಬೆಬುಯಾ ಕೂಡ ಆ ಕಡೆಯದೇ.

ಕಾಫಿಗಿಡ

ಫಲಕ ಓದುವುದಕ್ಕೆ ಅಷ್ಟು ದೂರ ಹೋಗಬೇಕಾ? ಲಾಲ್‌ಬಾಗ್ ಇದೆಯಲ್ಲ. ಕಾಡಿಗೇ ಹೋಗಲಿ.

ನಾಗಲಿಂಗ

ಮಂಡಿನೋವು ನಿಮಗಿಲ್ಲ, ಅದಕ್ಕೇ ಹೀಗಂತೀರಿ.

ಸಾಂಪಾವಾಸಿ

ಜಗಳ ಬೇಡ, ಎರಡೂ ಒಂದೇ ದಾರಿಯಲ್ಲಿ ಆಗುತ್ತದೆ. ಕಾರು ಇರುವ ಲೈಸೆನ್ಸ್ಡ್ ಗೈಡ್ ಒಬ್ಬರನ್ನು ನಿಮಗೆ ಮಾತ್ರ ಗೊತ್ತು ಮಾಡಿಕೊಳ್ಳಿ. ಬೆಳಗ್ಗೆ ಪೈನೇರಾಸ್‌ವರೆಗೆ ಕಾರು, ಅಲ್ಲಿಂದ ಪಾರ್ಕಿನ ವ್ಯಾನಿನಲ್ಲಿ ಕ್ರೈಸ್ಟ್. ಇಳಿದು ಬಂದು ಕಾಡಿನೊಳಗೇ ಆಲ್ಟೊ ಡ ಬೋವ ವಿಸ್ತಾ ಕಡೆಗೆ ಹೋಗಿ. ಕಾಡಿನ ಗೇಟು ದಾಟಿದ ಸ್ವಲ್ಪ ಹೊತ್ತಿಗೇ ಕಸ್ಕಚಿಂಯಾ ಜಲಪಾತ, ರಸ್ತೆಯ ಪಕ್ಕದಲ್ಲೇ. ಜೋಗ ನೋಡಿದವರಿಗೆ ಅದು ಜಲಪಾತವೇ ಅಲ್ಲ, ಆದರೂ ಸುತ್ತಲ ಮರಗಳು ಚೆಂದ. ಮುಂದೆ ಮೈರಿಂಕ್ ಎಂಬ ಪುಟ್ಟ ಚಾಪೆಲ್, ಅಲ್ಲೂ ಕಾರು ಹೋಗುತ್ತದೆ. ವಾಪಸ್ ಬರುವಾಗ ವಿಸ್ತಾ ಶಿನೇಸಾ, ಅಂದರೆ ಬಿದಿರಿನಂತೆ ಕಾಣುವ ಕಾಂಕ್ರೀಟ್ ಮಂಟಪ, 1903ರದ್ದು. ಬೊಟಾನಿಕಲ್ ಗಾರ್ಡನ್ನಿನಲ್ಲಿ ಚಹಾ ಬೆಳೆಸಲೆಂದು ಹತ್ತೊಂಬತ್ತನೇ ಶತಮಾನದ ಶುರುವಿನಲ್ಲಿ ಚೀನಾದಿಂದ ಜನರನ್ನು ಕರೆತಂದಿದ್ದರು, ಅವರ ನೆನಪಿಗೆ. ಅಲ್ಲಿಂದ ಕಾಣುವ ನೋಟ, ಕ್ರೈಸ್ಟ್ ಬುಡದ ನೂಕುನುಗ್ಗಲಿನಲ್ಲಿ ಕಾಣುವುದಕ್ಕಿಂತ ಚೆನ್ನ ಎಂದರೆ ಕೆಲವರು ನನ್ನ ಮೇಲೆ ಬೀಳುತ್ತಾರೆ. ಆದರೂ ಹೇಳುತ್ತೇನೆ.

ಆ ರಸ್ತೆ ಇಳಿದರೆ ನೇರ ಬೊಟಾನಿಕಲ್ ಗಾರ್ಡನ್ ಹತ್ತಿರಕ್ಕೇ ಬರುತ್ತೀರಿ. ಊಟ, ಗಾರ್ಡನ್, ಆಮೇಲೆ ಲಗೋವಾ ದಂಡೆ ಬಳಸಿ ಊರ್ಕಾ. ಸಂಜೆ ಶುಗರ್‌ಲೋಫ್. ಗೈಡನ್ನು ಮಧ್ಯಾಹ್ನವೇ ಬಿಟ್ಟುಬಿಡಬಹುದು. ಕೇಬಲ್ ಕಾರಿಗೆ ಗೈಡ್ ಯಾಕೆ?

ಒಂದೇ ನಷ್ಟ: ಕೊಸ್ಮಿ ವೆಲ್ಯೊದಿಂದ ಮೇಲೆ ಹೋಗುವ ಹಲ್ಲುಕಂಬಿಯ ಪುಟ್ಟ ರೈಲು ತಪ್ಪುತ್ತದೆ. 1884ರಲ್ಲಿ ಉಗಿ ಎಂಜಿನ್ ಆಗಿ ಶುರುವಾದದ್ದು. ಪ್ರತಿಮೆಗಿಂತ ಅರ್ಧ ಶತಮಾನ ಹಳೆಯದು. ಪ್ರತಿಮೆ ಕಟ್ಟುವ ಸಾಮಾನು ಹೊತ್ತದ್ದೂ ಇದೇ ದಾರಿ. ಆದರೆ ರೈಲು ನಿಮ್ಮನ್ನು ಹತ್ತಿದಲ್ಲಿಗೇ ವಾಪಸ್ ತಂದು ಬಿಡುತ್ತದೆ, ಕಾಡಿನ ದಾರಿ ಕಡಿದುಹೋಗುತ್ತದೆ.

ತುಂಗಾತೀರ

ಇಷ್ಟೊಂದು ಉತ್ತರ ಬರುತ್ತದೆ ಎಂದುಕೊಂಡಿರಲಿಲ್ಲ. ಅಪ್ಪನಿಗೆ ಓದಿ ಹೇಳಿದೆ. ಹಲಸಿನ ಮರ ಕೊಲ್ಲುವ ವಿಷಯಕ್ಕೆ ಅವರಿಗೆ ನಿದ್ದೆ ಬರಲಿಲ್ಲವಂತೆ. ಅಮ್ಮನ ಪ್ರಶ್ನೆ: ಸೆಲರೋನ್ ಮೆಟ್ಟಿಲು ಬಿಟ್ಟೇ ಬಿಡಬೇಕಾ? ಮತ್ತೆ ಊಟದ ಬಗ್ಗೆ ಯಾರೂ ಹೇಳಲಿಲ್ಲ. ಟೂರಿನವರು ಸ್ಲಮ್ಮು ತೋರಿಸುವ ಜೀಪ್ ಸವಾರಿಯನ್ನೂ ಸೇರಿಸಿಕೊಡುತ್ತೇವೆ ಅಂತಿದ್ದಾರೆ, ಅದು ಹೇಗೆ?

ಅಡಿಗೆಮನೆ

ಊಟಕ್ಕೆ ತೂಕದ ಹೋಟೆಲು ಹುಡುಕಿ, "ಪೊರ್ ಕೀಲೊ" ಅಂತಾರೆ. ನೀವೇ ಬಡಿಸಿಕೊಂಡು ತಟ್ಟೆ ತೂಗಿಸಿ ದುಡ್ಡು ಕೊಡುವುದು. ಅನ್ನ, ತರಕಾರಿ, ಸಲಾಡ್, ಮರಗೆಣಸು, ಬಾಳೆಹಣ್ಣಿನ ಹುರಿದ ಹೋಳು, ಎಲ್ಲ ಕಣ್ಣಿಗೆ ಕಾಣುತ್ತದೆ. ಕಪ್ಪು ಹುರುಳಿಯಂಥ ಕಾಳಿನ ಸಾರು ಮಾತ್ರ ಕೇಳಿಯೇ ಹಾಕಿಸಿಕೊಳ್ಳಿ, ಅದರಲ್ಲಿ ಹಂದಿಯ ತುಂಡು ಹಾಕಿರುತ್ತಾರೆ. ಮಾಂಸ ಬೇಡ ಎಂದಷ್ಟೇ ಹೇಳಿದರೆ ಕೋಳಿಯೋ ಮೀನೋ ತಂದಿಡಬಹುದು. ಮೂರನ್ನೂ ಹೆಸರು ಹಿಡಿದು ಬೇಡ ಎನ್ನಿ.

ತಿಂಡಿಗೆ ಪಾವ್ ಡಿ ಕೇಜೊ, ಮರಗೆಣಸಿನ ಹಿಟ್ಟು ಮತ್ತು ಚೀಸಿನ ಬಿಸಿ ಉಂಡೆ. ಅದಕ್ಕೆ ಮೊಟ್ಟೆ ಹಾಕುತ್ತಾರೆ, ಅಮ್ಮ ತಿನ್ನದಿದ್ದರೆ ಬೇಡ. ತಪಿಯೊಕಾ ದೋಸೆ ಸಿಗುತ್ತದೆ, ಒಳಗೆ ತೆಂಗಿನತುರಿ ಅಥವಾ ಚೀಸ್ ಹಾಕಿಸಿ. ಎಳನೀರು ಬೀಚಿನುದ್ದಕ್ಕೂ. ಕಬ್ಬಿನಹಾಲೂ ಸಿಗುತ್ತದೆ. ಹಲಸಿನಹಪ್ಪಳದವರೇ, ಎಳೆ ಹಲಸಿನ ಪಲ್ಯ ತುಂಬಿದ ಕರಿದ ತಿಂಡಿಯನ್ನು ಈಗ ಅಲ್ಲಿನ ಸಸ್ಯಾಹಾರಿ ಹೋಟೆಲುಗಳಲ್ಲಿ ಮಾರುತ್ತಾರೆ. ಕೊಲ್ಲುವ ಬದಲು ತಿನ್ನುವುದು ಮೇಲು ಅಲ್ವಾ?

ಬ್ಯಾಗ್‌ಹೆಗಲು

ಸೆಲರೋನ್ ಮೆಟ್ಟಿಲಿಗೆ ಅಮ್ಮನನ್ನು ಕರೆದುಕೊಂಡು ಹೋಗಿ. ಕೆಳಗೆ ನಿಂತರೇ ಫೋಟೋ ಸಿಗುತ್ತದೆ, 215 ಮೆಟ್ಟಿಲು ಹತ್ತಬೇಕಾಗಿಲ್ಲ. ಚಿಲಿಯಿಂದ ಬಂದ ಹೋರ್ಹೆ ಸೆಲರೋನ್ ಎಂಬ ಕಲಾವಿದ 1990ರಲ್ಲಿ ತನ್ನ ಮನೆಯೆದುರಿನ ಹಾಳು ಮೆಟ್ಟಿಲಿಗೆ ಟೈಲ್ಸ್ ಅಂಟಿಸಲು ಶುರು ಮಾಡಿದ. ಮೊದಮೊದಲು ನೆರೆಹೊರೆಯವರು ನಕ್ಕರು. ಆಮೇಲೆ 60ಕ್ಕೂ ಹೆಚ್ಚು ದೇಶಗಳ ಟೈಲ್ಸ್ ಬಂದು ಸೇರಿದವು. 2013ರಲ್ಲಿ ಸಾಯುವವರೆಗೂ ಕಿತ್ತು, ಬದಲಿಸಿ, ಮತ್ತೆ ಅಂಟಿಸುತ್ತಲೇ ಇದ್ದ. ಬೆಳಗ್ಗೆ ಬೇಗ ಹೋದರೆ ಜನ ಕಡಿಮೆ. ಆದರೆ ಆಗ ಕ್ರೈಸ್ಟ್‌ಗೆ ಹೋಗುವುದು ತಡವಾಗುತ್ತದೆ, ನೀವೇ ತೂಗಿ ನೋಡಿ. ಆ ಏರಿಯಾದಲ್ಲಿ ಫೋನು ಕೈಯಲ್ಲಿ ಹಿಡಿದು ಓಡಾಡಬೇಡಿ. ಫೋಟೋ ತೆಗೆದು ಒಳಗಿಡಿ. ಚಿನ್ನದ ಸರ ಹೋಟೆಲಿನಲ್ಲೂ ಬೇಡ, ಊರಿನಲ್ಲೇ ಬಿಟ್ಟು ಬನ್ನಿ.

ಪಾಠದಮೇಷ್ಟ್ರು

ಜೀಪ್ ಸವಾರಿ ಬೇಡ. ಜನರ ಮನೆಬಾಗಿಲನ್ನು ಜೀಪಿನ ಮೇಲಿಂದ ನೋಡುವುದು ಮೃಗಾಲಯಕ್ಕೆ ಹೋದಂತೆ.

ಸಾಂಪಾವಾಸಿ

ಜೀಪ್ ವಿಷಯದಲ್ಲಿ ಮೇಷ್ಟ್ರ ಮಾತು ಒಪ್ಪುತ್ತೇನೆ. ಆದರೆ ಫವೇಲಾಗೇ (ಅಲ್ಲಿ ಸ್ಲಮ್ಮಿಗೆ ಹಾಗಂತಾರೆ) ಹೋಗಬಾರದು ಎಂದು ಹೇಳಲಾರೆ. ಸಾಂತಾ ಮಾರ್ತಾದಂಥ ಕಡೆ ಅಲ್ಲೇ ಹುಟ್ಟಿ ಬೆಳೆದವರು ಗೈಡ್ ಆಗಿದ್ದಾರೆ, ನಡೆಸಿಕೊಂಡು ಹೋಗುತ್ತಾರೆ, ದುಡ್ಡು ಅವರಿಗೇ ಸೇರುತ್ತದೆ. 1996ರಲ್ಲಿ ಮೈಕಲ್ ಜಾಕ್ಸನ್ ಚಿತ್ರೀಕರಣಕ್ಕೆ ಬಂದಿದ್ದ ಜಾಗ, ಅವನ ಪ್ರತಿಮೆಯೂ ಇದೆ. ಕಡಿದಾದ ಮೆಟ್ಟಿಲುಗಳು, ನಿಮ್ಮ ಅಪ್ಪನಿಗೆ ಆಗುವುದಿಲ್ಲ. ಈ ಸಲ ಬಿಡಿ.

ಬಿಳಿಕೋಟು

ಎಲ್ಲರೂ ನೋಡುವ ಜಾಗ ಹೇಳಿದಿರಿ, ವಾಪಸ್ ಬರುವ ದಾರಿ ಯಾರೂ ಹೇಳಲಿಲ್ಲ. ಬ್ರೆಜಿಲ್ ಹಳದಿ ಜ್ವರ ಇರುವ ದೇಶ. ಅಲ್ಲಿಂದ ಭಾರತಕ್ಕೆ ಬರುವವರ ಹತ್ತಿರ ಲಸಿಕೆಯ ಸರ್ಟಿಫಿಕೇಟ್ ಇರಲೇಬೇಕು. ಇಲ್ಲದಿದ್ದರೆ ವಿಮಾನ ನಿಲ್ದಾಣದಿಂದ ನೇರ ಕ್ವಾರಂಟೈನ್, 6 ದಿನದವರೆಗೆ. ಸರ್ಕಾರ ಗೊತ್ತು ಮಾಡಿರುವ ಕೇಂದ್ರಗಳಲ್ಲಿ ಮಾತ್ರ ಈ ಲಸಿಕೆ ಹಾಕುತ್ತಾರೆ. ಹಾಕಿಸಿಕೊಂಡ 10 ದಿನದ ನಂತರವೇ ಸರ್ಟಿಫಿಕೇಟಿಗೆ ಬೆಲೆ. ಒಮ್ಮೆ ಹಾಕಿಸಿದರೆ ಜೀವನಪೂರ್ತಿ ಸಾಕು.

ಮುಖ್ಯವಾದ ಮಾತು: 60 ದಾಟಿದವರಿಗೆ ಈ ಲಸಿಕೆಯಿಂದ ತೊಂದರೆಯ ಸಾಧ್ಯತೆ ಸ್ವಲ್ಪ ಜಾಸ್ತಿ. ಅಪ್ಪ ಅಮ್ಮನ ವಯಸ್ಸು, ಇರುವ ಕಾಯಿಲೆ, ತೆಗೆದುಕೊಳ್ಳುವ ಮಾತ್ರೆಗಳ ಪಟ್ಟಿ ಹಿಡಿದು ಮೊದಲು ನಿಮ್ಮ ಡಾಕ್ಟರನ್ನು ಕೇಳಿ. ಅವರು ಬೇಡ ಎಂದರೆ ಟಿಕೆಟ್ ಮಾಡಿಸುವ ಮೊದಲೇ ಗೊತ್ತಾಗಲಿ.

ತುಂಗಾತೀರ

@ಬಿಳಿಕೋಟು, ದೊಡ್ಡ ಉಪಕಾರ. ಇದು ತಲೆಯಲ್ಲೇ ಇರಲಿಲ್ಲ. ಅಪ್ಪನಿಗೆ 68, ಬಿಪಿ ಮಾತ್ರೆ ಇದೆ. ಈ ವಾರವೇ ಡಾಕ್ಟರ ಹತ್ತಿರ ಹೋಗುತ್ತೇವೆ. ವಿಮಾನದ ಟಿಕೆಟ್ ಅದಾದ ಮೇಲೆ.

ಸದ್ಯಕ್ಕೆ ತೀರ್ಮಾನ ಹೀಗೆ: ದೊಡ್ಡ ವ್ಯಾನಿನ ಟೂರ್ ಇಲ್ಲ. ಮಧ್ಯಾಹ್ನದವರೆಗೆ ಕಾರಿರುವ ಗೈಡ್. ಕ್ರೈಸ್ಟ್, ತಿಜುಕಾ, ವಿಸ್ತಾ ಶಿನೇಸಾ, ಊಟ, ಬೊಟಾನಿಕಲ್ ಗಾರ್ಡನ್, ಸಂಜೆ ಶುಗರ್‌ಲೋಫ್. ಅಮ್ಮನ ಮೆಟ್ಟಿಲಿಗೆ ಹಿಂದಿನ ದಿನ ಮಧ್ಯಾಹ್ನ ವಿಮಾನ ಇಳಿದ ಮೇಲೆ ಆಗುತ್ತದಾ ನೋಡುತ್ತೇವೆ. ಬೆಳಗ್ಗೆ ಮೋಡ ಇದ್ದರೆ ಕಾಡನ್ನು ಮೊದಲು ಮಾಡಿ ಕ್ರೈಸ್ಟ್ ಆಮೇಲೆ ಇಟ್ಟುಕೊಂಡರೆ ನಡೆಯುತ್ತಾ?

ಸಾಂಪಾವಾಸಿ

ನಡೆಯುತ್ತದೆ. ಆದರೆ ಕ್ರೈಸ್ಟ್ ಟಿಕೆಟಿಗೆ ಹೊತ್ತು ನಮೂದಾಗಿರುತ್ತದೆ, ಬದಲಿಸಲು ಆಗುತ್ತದಾ ಎಂದು ಕೊಳ್ಳುವಾಗಲೇ ನೋಡಿ. ಕಾಡಿನ ಗೇಟು ಸಂಜೆ 5ಕ್ಕೆ ಮುಚ್ಚುತ್ತಾರೆ. ಅಪ್ಪನಿಗೆ ಹಿಡಿತ ಇರುವ ಶೂ ಹಾಕಿಸಿ, ಜಲಪಾತದ ಹತ್ತಿರ ಕಲ್ಲು ಪಾಚಿಗಟ್ಟಿರುತ್ತದೆ. ಸೊಳ್ಳೆ ಮುಲಾಮು ಇರಲಿ.

ಹಲಸಿನಹಪ್ಪಳ

ಆ ಹಲಸು ಬಕ್ಕೆಯೋ ಬಿಳುವವೋ (ತೊಳೆ ಗಟ್ಟಿಯೋ ಮೆತ್ತಗೋ) ಅಂತ ಅಪ್ಪನಿಗೆ ನೋಡಿ ಹೇಳಲು ಹೇಳಿ. ಮನೆಯಲ್ಲಿ ಪಂದ್ಯ ಕಟ್ಟಿದ್ದೇವೆ.